ನಮ್ಮ ಸೀಮೆಯ ರೇಷ್ಮೆ ಹುಳುವೂ ಅದರ ನೆಂಟರಿಷ್ಟರೂ

ನಮ್ಮ ಸಂಘ ಇಪ್ಪತ್ತೈದು ವರ್ಷ ಪೂರೈಸಿ ಬೆಳ್ಳಿ ಹಬ್ಬ ಆಚರಿಸುತ್ತಿರುವ ಈ ಸಂದರ್ಭದಲ್ಲಿ ಹೊರಬರುತ್ತಿರುವ ಸ್ಮರಣ ಸಂಚಿಕೆಯಲ್ಲಿ ಸ್ಥಾಪಕರ ನೆನಪು, ಅಧ್ಯಕ್ಷರು ಮತ್ತು ಕಾರ್ಯದರ್ಶಿಗಳ ಪಟ್ಟಿ, ಷೇರು ಬಂಡವಾಳ, ಸಾಲ ವಸೂಲಿಯ ಲೆಕ್ಕ ಎಲ್ಲವೂ ಬಂದೇ ಬರುತ್ತವೆ. ಅವನ್ನೆಲ್ಲ ತಿಳಿದವರು ಬರೆಯುತ್ತಾರೆ. ನಾನು ಬರೆಯಹೊರಟಿರುವುದು ಷೇರು ಪುಸ್ತಕದಲ್ಲಿ ಎಲ್ಲಿಯೂ ಹೆಸರಿಲ್ಲದ, ಆದರೆ ನಮ್ಮಲ್ಲಿ ಎಷ್ಟೋ ಮನೆಗಳ ಸಾಲ ತೀರಿಸಿದ, ಮದುವೆ ಮಾಡಿಸಿದ, ಮಕ್ಕಳ ಫೀಜು ಕಟ್ಟಿದ ಒಂದು ಸದಸ್ಯನ ಬಗ್ಗೆ. ಅದು ಹುಳ.

ಹುಳ ಎಂದರೆ ಮಳವಳ್ಳಿ ಸೀಮೆಯಲ್ಲಿ ಬೇರೆ ವಿವರಣೆ ಬೇಕಿಲ್ಲ. "ಅವರ ಮನೇಲಿ ಹುಳ ಐತೆ" ಎಂದರೆ ರೇಷ್ಮೆ ಹುಳು ಮೇಯುತ್ತಿದೆ, ಮನೆಯವರಿಗೆ ಕೈಬಿಡುವಿಲ್ಲ ಎಂದೇ ಅರ್ಥ. "ಹುಳ ಎಷ್ಟನೇ ಜ್ವರ?" ಎಂದು ಕೇಳಿದರೆ ಯಾರೂ ಡಾಕ್ಟರನ್ನು ಕರೆಯುವುದಿಲ್ಲ. ಹುಳು ಮೇವು ಬಿಟ್ಟು, ತಲೆ ಎತ್ತಿ ಮಲಗಿ, ಹಳೆಯ ಚರ್ಮ ಕಳಚುವುದಕ್ಕೆ ನಮ್ಮ ಹಿರಿಯರು ಜ್ವರ ಎಂದು ಹೆಸರಿಟ್ಟರು. ನಾಲ್ಕು ಜ್ವರ ದಾಟಿ ಎದ್ದ ಹುಳು ಹಣ್ಣಾಗಿ ಚಂದ್ರಿಕೆ ಏರಿದರೆ ಬೆಳೆ ಕೈಗೆ ಬಂದಂತೆ.

ಈ ಹುಳುವಿನ ಕತೆ ಬರೀ ದುಡ್ಡಿನ ಕತೆಯಲ್ಲ. ಹುಳದ ವಿಷಯದಲ್ಲಿ "ನನ್ನ ಮನೆ ನನ್ನದು, ನಿನ್ನ ಮನೆ ನಿನ್ನದು" ಎಂಬ ಮಾತು ನಡೆಯುವುದಿಲ್ಲವೆಂಬುದನ್ನು ಇನ್ನೂರು ವರ್ಷಗಳ ಚರಿತ್ರೆ ಮತ್ತೆಮತ್ತೆ ತೋರಿಸಿದೆ. ಸಹಕಾರ ಸಂಘದ ಸಂಚಿಕೆಗೆ ಇದಕ್ಕಿಂತ ತಕ್ಕ ವಿಷಯ ಬೇರೆ ಇರಲಾರದೆಂದು ತಿಳಿದು ಬರೆಯುತ್ತಿದ್ದೇನೆ.

ಹುಳು ನಮ್ಮಲ್ಲಿಗೆ ಬಂದ ದಾರಿ

ರೇಷ್ಮೆ ಹುಳುವಿನ ತವರು ಚೀನಾ. ಅಲ್ಲಿಯವರು ಸಾವಿರಾರು ವರ್ಷಗಳ ಹಿಂದೆಯೇ ಕಾಡಿನ ಪತಂಗವೊಂದನ್ನು ಹಿಡಿದು ಸಾಕಿ ಪಳಗಿಸಿದರು. ಹಸುವನ್ನು ಕಾಡಿಗೆ ಬಿಟ್ಟರೆ ಹೇಗೋ ಬದುಕೀತು. ಆದರೆ ರೇಷ್ಮೆ ಹುಳುವನ್ನು ಮರಕ್ಕೆ ಬಿಟ್ಟರೆ ಬದುಕಲಾರದು. ಅದರ ಚಿಟ್ಟೆಗೆ ರೆಕ್ಕೆಯಿದ್ದರೂ ಹಾರಲು ಬಾರದು, ಮೇವು ಹುಡುಕಿಕೊಂಡು ಹೋಗುವ ಶಕ್ತಿ ಹುಳುವಿಗಿಲ್ಲ. ಮನುಷ್ಯನ ಕೈಯನ್ನೇ ನಂಬಿಕೊಂಡ ಕೀಟ ಇದು.

ಕನ್ನಡದವರಿಗೆ ತನ್ನ ನೂಲಿನಿಂದ ತಾನೇ ಮನೆ ಕಟ್ಟಿಕೊಳ್ಳುವ ಹುಳುವಿನ ಪರಿಚಯ ಹಿಂದೆಯೇ ಇತ್ತು. 12ನೇ ಶತಮಾನದ ಅಕ್ಕಮಹಾದೇವಿಯವರು ತಮ್ಮ ವಚನವೊಂದರಲ್ಲಿ, ತಾನೇ ಸುತ್ತಿಕೊಂಡ ನೂಲಿನೊಳಗೆ ಸಿಕ್ಕಿ ಸಾಯುವ ಅಂಥ ಹುಳುವನ್ನು ಮನಸ್ಸಿನ ಆಸೆಗೆ ಹೋಲಿಸಿದ್ದಾರೆ. ಆದರೆ ಮನೆಮನೆಯಲ್ಲಿ ಹುಳು ಸಾಕಿ ನೂಲು ತೆಗೆಯುವ ಕಸುಬು ಮೈಸೂರು ಸೀಮೆಯಲ್ಲಿ ಬೇರೂರಿದ್ದು ಟಿಪ್ಪು ಸುಲ್ತಾನನ ಕಾಲದಲ್ಲಿ. 1780ರ ದಶಕದಲ್ಲಿ ಅವನು ಬಂಗಾಳಕ್ಕೆ ಜನರನ್ನು ಕಳಿಸಿ ಹುಳುವನ್ನೂ ಅದನ್ನು ಸಾಕುವ ವಿದ್ಯೆಯನ್ನೂ ತರಿಸಿದ. ಶ್ರೀರಂಗಪಟ್ಟಣದ ಕಿಲ್ಲೇದಾರನಿಗೆ ಈ ಬಗ್ಗೆ ಬರೆದ ಕಾಗದವೂ ಉಳಿದುಬಂದಿದೆ. ರಾಜ್ಯದ 21 ಕಡೆ ಹುಳು ಸಾಕಣೆಗೆ ಏರ್ಪಾಡು ಮಾಡಿಸಿದನೆಂದು ಹೇಳುತ್ತಾರೆ.

ಮಳವಳ್ಳಿಗೂ ಟಿಪ್ಪುವಿಗೂ ನಂಟು ಹಳೆಯದು. ಹೈದರಾಲಿ ಈ ಊರನ್ನು ಮಗನಿಗೆ ಜಹಗೀರಾಗಿ ಕೊಟ್ಟಿದ್ದನೆಂದು ಹಳೆಯ ಗೆಜೆಟಿಯರುಗಳು ತಿಳಿಸುತ್ತವೆ. 1799ರ ಮಾರ್ಚ್ 27ರಂದು ಟಿಪ್ಪುವಿನ ಸೈನ್ಯಕ್ಕೂ ಇಂಗ್ಲಿಷರ ಸೈನ್ಯಕ್ಕೂ ಮಳವಳ್ಳಿಯ ಬಯಲಲ್ಲೇ ಯುದ್ಧವಾಯಿತು. ಮುಂದೆ ಮೇ 4ರಂದು ಶ್ರೀರಂಗಪಟ್ಟಣ ಬಿತ್ತು, ಟಿಪ್ಪು ಮಡಿದ. ಅರಸು ಹೋದರೂ ಹುಳು ಹೋಗಲಿಲ್ಲ. ರೈತರ ಮನೆಯ ಮೂಲೆಯಲ್ಲಿ, ಬಿದಿರಿನ ತಟ್ಟೆಯಲ್ಲಿ ಅದು ಮೇಯುತ್ತಲೇ ಇತ್ತು. ಬಂಗಾಳದಿಂದ ಬಂದ ತಳಿ ಇಲ್ಲಿಯ ಬಿಸಿಲು ಗಾಳಿಗೆ ಒಗ್ಗಿ, ಹಸಿರು ಮಿಶ್ರಿತ ಹಳದಿ ಬಣ್ಣದ ಸಣ್ಣ ಗೂಡು ಕಟ್ಟುವ "ಮೈಸೂರು ತಳಿ" ಎಂದೇ ಹೆಸರಾಯಿತು. ನೂಲು ಕಡಿಮೆ, ಆದರೆ ಹುಳು ಗಟ್ಟಿ. ವರ್ಷಕ್ಕೆ ಐದಾರು ಬೆಳೆ ಬೇಕಾದರೂ ತೆಗೆಯಬಹುದು.

ಹುಳದ ಮನೆಯ ಲೆಕ್ಕ

ಇಂದಿನ ಹುಡುಗರಿಗೆ ಈ ಲೆಕ್ಕ ಗೊತ್ತಿರಲೆಂದು ಬರೆಯುತ್ತೇನೆ. ನಮ್ಮಲ್ಲಿ "ನೂರು ಮೊಟ್ಟೆ ಸಾಕಿದ್ದೀನಿ" ಎಂದರೆ ನೂರು ಹುಳು ಎಂದಲ್ಲ, ನೂರು ಚಿಟ್ಟೆ ಇಟ್ಟ ಮೊಟ್ಟೆ. ಒಂದು ಚಿಟ್ಟೆ 400ರಿಂದ 500 ಮೊಟ್ಟೆ ಇಡುತ್ತದೆ. ಅಂದರೆ ನೂರು ಮೊಟ್ಟೆಗೆ 40ರಿಂದ 50 ಸಾವಿರ ಹುಳು. ಮೊಟ್ಟೆಯೊಡೆದು ಬಂದಾಗ ಇರುವೆಗಿಂತ ಸಣ್ಣದಾದ ಈ ಹುಳು, ಇಪ್ಪತ್ತೈದು ದಿನಗಳ ಆಸುಪಾಸಿನಲ್ಲಿ ತನ್ನ ಹುಟ್ಟಿನ ತೂಕದ ಸುಮಾರು ಹತ್ತು ಸಾವಿರ ಪಟ್ಟು ಬೆಳೆಯುತ್ತದೆ. ಅದು ಜನ್ಮದಲ್ಲಿ ತಿನ್ನುವ ಸೊಪ್ಪಿನಲ್ಲಿ ನೂರಕ್ಕೆ ಎಂಬತ್ತು ಪಾಲು ನಾಲ್ಕನೇ ಜ್ವರ ಎದ್ದ ಮೇಲಿನ ಒಂದು ವಾರದಲ್ಲೇ ಖರ್ಚಾಗುತ್ತದೆ. ಆ ವಾರದಲ್ಲಿ ಹುಳದ ಮನೆಯೊಳಗೆ ಹೋದರೆ ಸೊಪ್ಪು ಮೇಯುವ ಸದ್ದು ಸೋನೆ ಮಳೆ ಸುರಿದ ಹಾಗೆ ಕೇಳುತ್ತದೆ. ಆ ವಾರ ಮನೆಯ ಹೆಂಗಸರಿಗೆ ನಿದ್ದೆಯಿಲ್ಲ. ರಾತ್ರಿ ಎದ್ದು ಸೊಪ್ಪು ಹಾಕುವವರು ಅವರೇ, ಹಣ್ಣು ಹುಳ ಆರಿಸುವವರು ಅವರೇ. ಚರಿತ್ರೆ ಬರೆದವರು ಸುಲ್ತಾನರ ಹೆಸರು ಬರೆದರು, ಸಾಹೇಬರ ಹೆಸರು ಬರೆದರು. ಬೆಳೆ ಉಳಿಸಿದ ಈ ಹೆಂಗಸರ ಹೆಸರು ಯಾವ ಪುಸ್ತಕದಲ್ಲೂ ಇಲ್ಲ.

ಒಂದು ಗೂಡಿನ ನೂಲು ಮೊದಲಿಂದ ಕೊನೆಯವರೆಗೆ ಒಂದೇ ಎಳೆ. ಹಳೆಯ ಮೈಸೂರು ತಳಿಯ ಗೂಡಿನಲ್ಲಿ ಮುನ್ನೂರು ನಾನೂರು ಮೀಟರ್ ಸಿಗುತ್ತಿತ್ತು. ಈಗಿನ ದ್ವಿತಳಿ ಬಿಳಿ ಗೂಡಿನಲ್ಲಿ ಸಾವಿರ ಮೀಟರಿಗೂ ಹೆಚ್ಚು ಸಿಗುತ್ತದೆ. ಇಷ್ಟು ನೂಲನ್ನು ಹುಳು ಎರಡು ಮೂರು ದಿನಗಳಲ್ಲಿ ಸುತ್ತಿ ಮುಗಿಸುತ್ತದೆ.

ಜಗತ್ತಿಗೆ ರೋಗದ ಪಾಠ ಹೇಳಿದ ಹುಳು

ಹುಳು ಸಾಕಿದವರಿಗೆಲ್ಲ ಗೊತ್ತಿರುವ ನಾಲ್ಕು ರೋಗಗಳಿವೆ: ಗಂಟು ರೋಗ, ಹಾಲುತೊಂಡೆ, ಸಪ್ಪೆ ರೋಗ, ಸುಣ್ಣಕಟ್ಟು. ಹಿಂದೆ ಇವು ಬಂದರೆ "ಕಣ್ಣು ತಾಗಿತು" ಎನ್ನುತ್ತಿದ್ದರು. ಹೊರಗಿನವರನ್ನು ಹುಳದ ಮನೆಗೆ ಬಿಡುತ್ತಿರಲಿಲ್ಲ, ಕೈಕಾಲು ತೊಳೆಯದೆ ಒಳಗೆ ಹೋಗುವಂತಿರಲಿಲ್ಲ. ಕಾರಣ ಹೇಳಿದ್ದು ಬೇರೆಯಾದರೂ ನಡೆದುಕೊಂಡದ್ದು ಸರಿಯಾಗಿಯೇ ಇತ್ತು. ರೋಗದ ಅಂಟು ಕೈಯಿಂದ ಕೈಗೆ, ಕಾಲಿಂದ ಕಾಲಿಗೆ ಹೋಗುವುದೆಂಬುದು ಆಮೇಲೆ ತಿಳಿದ ಸಂಗತಿ.

ಅದು ತಿಳಿದದ್ದೂ ಈ ಹುಳುವಿನಿಂದಲೇ. ಇಟಲಿಯ ಅಗೊಸ್ಟಿನೊ ಬಾಸ್ಸಿ ಎಂಬುವರು 1835ರಲ್ಲಿ ಸುಣ್ಣಕಟ್ಟು ರೋಗಕ್ಕೆ ಕಣ್ಣಿಗೆ ಕಾಣದ ಒಂದು ಶಿಲೀಂಧ್ರವೇ ಕಾರಣವೆಂದು ತೋರಿಸಿದರು. ಪ್ರಾಣಿಗಳ ರೋಗಕ್ಕೆ ಸೂಕ್ಷ್ಮ ಜೀವಿ ಕಾರಣವೆಂದು ಪ್ರಯೋಗ ಮಾಡಿ ತೋರಿಸಿದ್ದು ಅದೇ ಮೊದಲು. ಆಮೇಲೆ ಫ್ರಾನ್ಸಿನಲ್ಲಿ ಗಂಟು ರೋಗದಿಂದ ರೇಷ್ಮೆ ಕಸುಬೇ ಮುಳುಗುವ ಹಾಗಾದಾಗ ಸರ್ಕಾರ ಲೂಯಿ ಪ್ಯಾಶ್ಚರ್ ಅವರನ್ನು ಕಳಿಸಿತು. 1865ರಿಂದ ಐದು ವರ್ಷ ಅವರು ಹುಳದ ಮನೆಗಳಲ್ಲಿ ಕುಳಿತು ಕೆಲಸ ಮಾಡಿದರು. ಗಂಟು ರೋಗ ತಾಯಿ ಚಿಟ್ಟೆಯಿಂದ ಮೊಟ್ಟೆಗೆ ಬರುತ್ತದೆ. ಮೊಟ್ಟೆ ಇಟ್ಟಾದ ಮೇಲೆ ತಾಯಿ ಚಿಟ್ಟೆಯನ್ನು ಅರೆದು ಸೂಕ್ಷ್ಮದರ್ಶಕದಲ್ಲಿ ನೋಡಬೇಕು. ರೋಗದ ಕಣ ಕಂಡರೆ ಆ ಮೊಟ್ಟೆ ಸುಡಬೇಕು, ಕಾಣದಿದ್ದರೆ ಸಾಕಲು ಕೊಡಬೇಕು. ಇಷ್ಟೇ ಅವರು ಕಂಡುಕೊಂಡ ಉಪಾಯ. ಇಂದಿಗೂ ಬಿತ್ತನೆ ಕೇಂದ್ರಗಳಲ್ಲಿ ನಡೆಯುವುದು ಇದೇ ಪರೀಕ್ಷೆ. ನಾವು ತರುವ "ರೋಗರಹಿತ ಮೊಟ್ಟೆ" ಎಂಬ ಮಾತಿನ ಹಿಂದೆ ಇಷ್ಟು ದೊಡ್ಡ ಕತೆಯಿದೆ. ಮುಂದೆ ನಾಯಿ ಕಚ್ಚಿದ್ದಕ್ಕೆ ಲಸಿಕೆ ಕಂಡುಹಿಡಿದ ಮಹಾನುಭಾವರೂ ಇವರೇ.

ಇದೇ 19ನೇ ಶತಮಾನದಲ್ಲಿ ಮೈಸೂರು ಸೀಮೆಯಲ್ಲೂ ಹುಳುವಿಗೆ ರೋಗ ಬಡಿದು ಕಸುಬು ಸೊರಗಿತು. ಶತಮಾನದ ಕೊನೆಯ ಹೊತ್ತಿಗೆ ಜಮ್‌ಷೆಟ್‌ಜಿ ಟಾಟಾ ಅವರು ಬೆಂಗಳೂರಿನಲ್ಲಿ ಜಪಾನಿನ ಪದ್ಧತಿಯಲ್ಲಿ ಒಂದು ರೇಷ್ಮೆ ಫಾರಂ ನಡೆಸಿದರು. ಬಸವನಗುಡಿಯ ಹತ್ತಿರದ ಆ ಜಾಗಕ್ಕೆ ಈಗಲೂ ಟಾಟಾ ಸಿಲ್ಕ್ ಫಾರಂ ಎಂದೇ ಹೆಸರು. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ, 1912ರಲ್ಲಿ ಮೈಸೂರಿನ ರೇಷ್ಮೆ ನೇಯ್ಗೆ ಕಾರ್ಖಾನೆ ಶುರುವಾಯಿತು. ಅದರ ಹಿಂದೆಯೇ ಸರ್ಕಾರ ವಾಷಿಂಗ್ಟನ್ ಮಾರಿ ಎಂಬ ಇಟಲಿಯ ತಜ್ಞರನ್ನು ಕರೆಸಿ, ಚನ್ನಪಟ್ಟಣದಲ್ಲಿ ಫಾರಂ ಮಾಡಿ, ರೋಗವಿಲ್ಲದ ಮೊಟ್ಟೆ ತಯಾರಿಸುವ ಕೆಲಸಕ್ಕೆ ಕೈಹಾಕಿತು. ರೇಷ್ಮೆ ಇಲಾಖೆಯ ಮುಖ್ಯಸ್ಥರಾಗಿ ಈ ಕೆಲಸವನ್ನು ಹಳ್ಳಿಗಳಿಗೆ ಮುಟ್ಟಿಸಿದವರಲ್ಲಿ ನವರತ್ನ ರಾಮರಾಯರು ಪ್ರಮುಖರು. "ಕೆಲವು ನೆನಪುಗಳು" ಬರೆದ ಸಾಹಿತಿ ಎಂದು ಕೆಲವರಿಗೆ ಅವರು ಗೊತ್ತು. ಹುಳದವರಿಗೆ ಅವರು ಇನ್ನೂ ಹತ್ತಿರದವರು. ಮೈಸೂರು ತಳಿಯ ಹೆಣ್ಣಿಗೆ ಜಪಾನಿನಿಂದ ಬಂದ ತಳಿಯ ಗಂಡನ್ನು ಕೂಡಿಸಿ ಮಿಶ್ರ ತಳಿ ಮಾಡಿದ್ದೂ ಆ ಕಾಲದಲ್ಲೇ. ನಮ್ಮ ಹಿರಿಯರು ಸಾಕಿದ ಹಳದಿ ಗೂಡು ಆ ಸಂಬಂಧದ ಸಂತಾನ.

ರೈತ ತನ್ನ ಮನೆಯ ಗೂಡಿನಿಂದಲೇ ಬೀಜ ಮಾಡಿಕೊಳ್ಳುತ್ತಿದ್ದಾಗ ರೋಗ ತಲೆಮಾರಿನಿಂದ ತಲೆಮಾರಿಗೆ ಇಳಿಯುತ್ತಿತ್ತು. ಬೀಜವನ್ನು ಪರೀಕ್ಷೆ ಮಾಡಿಸಿ ಒಂದೆಡೆಯಿಂದ ತರುವ ಕಟ್ಟು ಬಂದ ಮೇಲೆ ಬೆಳೆ ನಿಂತಿತು. 1959ರಲ್ಲಿ ಬಂದ ಕಾಯಿದೆ ಬಿತ್ತನೆ ಮೊಟ್ಟೆ, ಗೂಡು, ನೂಲು ಮೂರನ್ನೂ ಒಂದು ಹದ್ದಿಗೆ ತಂದಿತು. ಸರ್ಕಾರಿ ಮಾರುಕಟ್ಟೆಯಲ್ಲಿ ಎಲ್ಲರ ಎದುರಿಗೆ ಹರಾಜು ಕೂಗಿ ಗೂಡು ಮಾರುವ ಪದ್ಧತಿಗೆ ಆಧಾರವೂ ಇದೇ. ರಾಮನಗರದ ಮಾರುಕಟ್ಟೆ ಏಷ್ಯಾದಲ್ಲೇ ದೊಡ್ಡದೆಂದು ಹೆಸರಾಗಿದೆ.

ಬೆಲೆಯ ಏರಿಳಿತ ಮಾತ್ರ ಎಂದೂ ನಮ್ಮ ಕೈಯಲ್ಲಿ ಇರಲಿಲ್ಲ. 1930ರ ಮುಗ್ಗಟ್ಟಿನಲ್ಲಿ ಹೊರದೇಶದ ಅಗ್ಗದ ನೂಲು ಬಂದು ಇಲ್ಲಿನ ಬೆಲೆ ಕುಸಿಯಿತು. ಎರಡನೇ ಮಹಾಯುದ್ಧದಲ್ಲಿ ಪ್ಯಾರಾಚೂಟ್ ಬಟ್ಟೆಗೆ ರೇಷ್ಮೆ ಬೇಕಾಗಿ ಬೆಲೆ ಏರಿತು. 1990ರ ನಂತರ ಚೀನಾದ ನೂಲು ಬಂದು ಮತ್ತೆ ಇಳಿಯಿತು. ಹೊಗೆಸೊಪ್ಪಿನ ಕಡೆಗೋ ಕಬ್ಬಿನ ಕಡೆಗೋ ಹೊರಳಿದವರು ಉಂಟು, ಕಡ್ಡಿ ಕಿತ್ತವರು ಉಂಟು, ಮತ್ತೆ ನೆಟ್ಟವರೂ ಉಂಟು.

ಊಜಿ ನೊಣ ಬಂದ ವರ್ಷ

1980ರಲ್ಲಿ ನಮ್ಮ ರಾಜ್ಯಕ್ಕೆ ಒಬ್ಬ ಹೊಸ ಶತ್ರು ಬಂದ. ಪಶ್ಚಿಮ ಬಂಗಾಳದ ಕಡೆಯಿಂದ ಗೂಡಿನ ಜೊತೆಯಲ್ಲೇ ಗೊತ್ತಾಗದಂತೆ ಬಂದ ಊಜಿ ನೊಣ ಅದು. ಇನ್ನೂರು ವರ್ಷದ ಹಿಂದೆ ಹುಳು ಬಂದದ್ದೂ ಬಂಗಾಳದಿಂದಲೇ, ಹುಳುವಿನ ಶತ್ರು ಬಂದದ್ದೂ ಅಲ್ಲಿಂದಲೇ.

ಈ ನೊಣ ನೋಡಲು ಮನೆ ನೊಣದ ಅಣ್ಣನ ಹಾಗೆ, ಸ್ವಲ್ಪ ದಪ್ಪ. ಹುಳುವಿನ ಮೈಮೇಲೆ ಕೂತು ಮೊಟ್ಟೆ ಅಂಟಿಸಿ ಹೋಗುತ್ತದೆ. ಎರಡು ಮೂರು ದಿನದಲ್ಲಿ ಮರಿ ಹೊರಬಂದು ಹುಳುವಿನ ಚರ್ಮ ಕೊರೆದು ಒಳಗೆ ಇಳಿಯುತ್ತದೆ. ಆ ಜಾಗದಲ್ಲಿ ಕಪ್ಪು ಕಲೆ ಕಾಣುತ್ತದೆ. ಒಳಗೆ ತಿಂದು ಬೆಳೆದ ಮರಿ ಹುಳುವನ್ನೋ ಗೂಡನ್ನೋ ತೂತು ಮಾಡಿ ಹೊರಬಿದ್ದು, ನೆಲದ ಬಿರುಕಿನಲ್ಲಿ ಸೇರಿ ಕೋಶವಾಗುತ್ತದೆ. ತೂತಾದ ಗೂಡಿನಿಂದ ಎಳೆ ಬರುವುದಿಲ್ಲ. ಮೊದಮೊದಲು ಹಳ್ಳಿಯವರಿಗೆ ಇದು ಏನೆಂದೇ ಅರ್ಥವಾಗಲಿಲ್ಲ, ತಟ್ಟೆ ತಟ್ಟೆ ಹುಳು ಕೆಟ್ಟಿತು.

ಕಿಟಕಿಗೆ ನೈಲಾನ್ ಪರದೆ ಕಟ್ಟಿ ಎಂದರು, ಕಟ್ಟಿದೆವು. ಆದರೆ ಒಬ್ಬನ ಮನೆಗೆ ಪರದೆಯಿದ್ದು ಪಕ್ಕದ ಮನೆಗೆ ಇಲ್ಲದಿದ್ದರೆ ಆ ಮನೆಯೇ ನೊಣದ ತವರಾಗುತ್ತಿತ್ತು. ಆಗ ಮೈಸೂರಿನ ಕೇಂದ್ರ ರೇಷ್ಮೆ ಸಂಶೋಧನಾ ಸಂಸ್ಥೆಯವರು, ಅಂದರೆ 1961ರಲ್ಲಿ ಶುರುವಾದ ಸಂಸ್ಥೆಯವರು, ಇನ್ನೊಂದು ಕೀಟವನ್ನೇ ಸಹಾಯಕ್ಕೆ ಕರೆದರು. ನೆಸೊಲಿಂಕ್ಸ್ ಎಂಬುದು ಸಾಸಿವೆಗಿಂತ ಸಣ್ಣ ಕಣಜ. ಮನುಷ್ಯರನ್ನು ಕಚ್ಚದು, ರೇಷ್ಮೆ ಹುಳುವನ್ನು ಮುಟ್ಟದು. ಊಜಿಯ ಕೋಶವನ್ನು ಹುಡುಕಿ ಅದರೊಳಗೆ ತನ್ನ ಮೊಟ್ಟೆ ಇಡುತ್ತದೆ. ನೊಣ ಹೊರಬರಬೇಕಾದ ಕೋಶದಿಂದ ಕಣಜಗಳೇ ಹೊರಬರುತ್ತವೆ. ಹುಳುವಿಗೆ ನೊಣ ಶತ್ರು, ನೊಣಕ್ಕೆ ಕಣಜ ಶತ್ರು, ಆದ್ದರಿಂದ ಕಣಜ ನಮಗೆ ನೆಂಟ. ಇದನ್ನೂ ಒಂದು ಮನೆಯಲ್ಲಿ ಬಿಟ್ಟರೆ ಸಾಲದು. ಊರೆಲ್ಲ ಬಿಟ್ಟರೇ ಫಲ.

ತೋಟದಲ್ಲಿರುವ ನೆಂಟರು

ಇಂಥ ನೆಂಟರು ಹುಳದ ಮನೆಯ ಹೊರಗೂ ಇದ್ದಾರೆ. ನಾವು ಗುರುತಿಸುವುದಿಲ್ಲ ಅಷ್ಟೆ.

ಮಂಡ್ಯ ಜಿಲ್ಲೆಯ ಕಬ್ಬಿನ ಚರಿತ್ರೆ ಹೇಳುವಾಗ ಡಾ. ಲೆಸ್ಲಿ ಕೋಲ್ಮನ್ ಅವರ ಹೆಸರು ತಪ್ಪದೆ ಬರುತ್ತದೆ. 1933ರಲ್ಲಿ ಸ್ಥಾಪನೆಯಾದ ಸಕ್ಕರೆ ಕಂಪನಿಗೂ ನಾಲೆ ಬಯಲಿನ ಬೇಸಾಯಕ್ಕೂ ಶ್ರಮಿಸಿದವರು ಅವರು. ಆದರೆ ಕೆನಡಾ ದೇಶದ ಆ ಮನುಷ್ಯ 1908ರಲ್ಲಿ ಮೈಸೂರು ಸರ್ಕಾರಕ್ಕೆ ಸೇರಿದ್ದು ಬೆಳೆಯ ರೋಗ ಮತ್ತು ಕೀಟಗಳ ತಜ್ಞರಾಗಿ. ಜೋಳ ತಿನ್ನುವ ರೆಕ್ಕೆಯಿಲ್ಲದ ಒಂದು ಮಿಡತೆಯನ್ನು ಅವರು ಹೊಲದಲ್ಲೇ ನಿಂತು ಅಭ್ಯಾಸ ಮಾಡಿದರು. ಆ ಮಿಡತೆಗೆ ವಿಜ್ಞಾನಿಗಳು ಕೋಲ್ಮೇನಿಯ ಎಂದೇ ಹೆಸರಿಟ್ಟಿದ್ದಾರೆ. ಔಷಧಿ ಹೊಡೆಯುವುದಕ್ಕೆ ಮುಂಚೆ ಕೀಟ ಎಲ್ಲಿ ಮೊಟ್ಟೆ ಇಡುತ್ತದೆ, ಯಾವ ತಿಂಗಳು ಏಳುತ್ತದೆ ಎಂದು ನೋಡಬೇಕೆಂಬ ಪದ್ಧತಿ ನಮ್ಮಲ್ಲಿ ಬೆಳೆದದ್ದು ಇಂಥವರಿಂದ.

ಅದೇ ಕಬ್ಬಿಗೆ 2002ರಲ್ಲಿ ಉಣ್ಣೆ ಹೇನು ಬಿತ್ತು. ಮಹಾರಾಷ್ಟ್ರದಲ್ಲಿ ಕಾಣಿಸಿಕೊಂಡು ಬೆಳಗಾವಿ ಕಡೆಯಿಂದ ಇಳಿದು ರಾಜ್ಯವನ್ನೆಲ್ಲ ವ್ಯಾಪಿಸಿತು. ಗರಿಯ ಹಿಂದೆ ಹತ್ತಿ ಮೆತ್ತಿದ ಹಾಗೆ ಬಿಳುಪು, ಕೆಳಗಿನ ಗರಿಯ ಮೇಲೆ ಕಪ್ಪು ಮಸಿ. ಆಳೆತ್ತರದ ಕಬ್ಬಿನೊಳಗೆ ಔಷಧಿ ಹೊಡೆಯುವುದಾದರೂ ಹೇಗೆ? ಕೊನೆಗೆ ಅದನ್ನು ಹದ್ದುಬಸ್ತಿಗೆ ತಂದದ್ದು ಡೈಫಾ ಎಂಬ ಪತಂಗದ ಮರಿಹುಳುವೂ ಮೈಕ್ರೋಮಸ್ ಎಂಬ ಸಣ್ಣ ಕೀಟವೂ. ಇವೆರಡೂ ಹೇನನ್ನೇ ತಿಂದು ಬದುಕುವಂಥವು. ಅವಸರಪಟ್ಟು ಔಷಧಿ ಹೊಡೆದ ಗದ್ದೆಗಳಲ್ಲಿ ಹೇನಿನ ಜೊತೆಗೆ ಇವೂ ಸತ್ತವು.

ಹಿಪ್ಪುನೇರಳೆಗೂ ಇಂಥದೇ ಅನುಭವವಾಗಿದೆ. ಕುಡಿ ಮುರುಟಿ ಗಂಟಾಗುವ ಟುಕ್ರ ಎಂಬ ಕಾಟಕ್ಕೆ ಕಾರಣ ಹಿಟ್ಟು ತಿಗಣೆ. ಅದನ್ನು ತಿನ್ನುವುದು ಗುಲಗಂಜಿ ಹುಳುವಿನ ಜಾತಿಯ ಒಂದು ದುಂಬಿ. ಈ ದುಂಬಿಯ ಮರಿಯ ಮೈಮೇಲೂ ಬಿಳಿ ಹಿಟ್ಟಿರುವುದರಿಂದ ತಿಗಣೆಯೇ ಎಂದು ತಿಳಿದು ಹೊಸಕಿ ಹಾಕುವವರು ಬಹಳ. 2008ರಲ್ಲಿ ಕೊಯಮತ್ತೂರಿನಲ್ಲಿ ಪರಂಗಿ ಹಿಟ್ಟು ತಿಗಣೆ ಎಂಬ ಮೆಕ್ಸಿಕೊ ಮೂಲದ ಕೀಟ ಕಾಣಿಸಿಕೊಂಡಿತು. ತಮಿಳುನಾಡಿನ ಪರಂಗಿ, ಹಿಪ್ಪುನೇರಳೆ ತೋಟಗಳನ್ನು ಹಾಳು ಮಾಡಿ ಕರ್ನಾಟಕಕ್ಕೂ ದಾಟಿತು. ಎಷ್ಟು ಔಷಧಿ ಹೊಡೆದರೂ ಮೇಣದ ಹಿಟ್ಟಿನೊಳಗೆ ಅದು ಬದುಕುತ್ತಿತ್ತು. 2010ರಲ್ಲಿ ಬೆಂಗಳೂರಿನ ವಿಜ್ಞಾನಿಗಳು ಪೋರ್ಟೊರಿಕೊ ದ್ವೀಪದಿಂದ ಅದರ ಸಹಜ ಶತ್ರುವಾದ ಸಣ್ಣ ಕಣಜವನ್ನು ತರಿಸಿ, ಪರೀಕ್ಷಿಸಿ, ತೋಟಗಳಿಗೆ ಬಿಟ್ಟರು. ಕೆಲವೇ ತಿಂಗಳಲ್ಲಿ ತಿಗಣೆ ತಗ್ಗಿತು.

ದಾರಿ ಬದಿಯ ಕಾಂಗ್ರೆಸ್ ಗಿಡವನ್ನು ಮಳೆಗಾಲದಲ್ಲಿ ಸ್ವಲ್ಪ ಬಗ್ಗಿ ನೋಡಿ. ಬಿಳಿ ಮೈಮೇಲೆ ಕಂದು ಗೆರೆಯ ಸಣ್ಣ ದುಂಬಿಗಳು ಎಲೆ ತಿನ್ನುತ್ತಿರುತ್ತವೆ. ಇವನ್ನೂ ಮೆಕ್ಸಿಕೊದಿಂದ ತರಿಸಿ 1984ರಲ್ಲಿ ಬೆಂಗಳೂರಿನ ಸುತ್ತ ಬಿಡಲಾಯಿತು. ಅಲ್ಲಿಂದ ಅವು ತಾವಾಗಿಯೇ ಹಬ್ಬಿಕೊಂಡವು. ಗಿಡವನ್ನು ಪೂರ್ತಿ ನಾಶ ಮಾಡಲು ಅವುಗಳಿಂದ ಆಗಿಲ್ಲ, ಆದರೂ ಕೂಲಿ ಕೇಳದೆ ದುಡಿಯುತ್ತಿವೆ.

ಜೇನಿನ ವಿಷಯ ಎಲ್ಲರಿಗೂ ಗೊತ್ತು. ರಾಗಿಗೂ ಭತ್ತಕ್ಕೂ ಜೇನು ಬೇಡ ಎಂಬುದು ನಿಜ. ಆದರೆ ರಾಗಿ ಹೊಲದ ಅಕ್ಕಡಿ ಸಾಲಿನ ಹುಚ್ಚೆಳ್ಳಿಗೆ ಬೇಕು, ಹಿತ್ತಲ ಕುಂಬಳಕ್ಕೆ ಬೇಕು, ಮಾವಿಗೆ ಬೇಕು, ಸೂರ್ಯಕಾಂತಿಗೆ ಬೇಕು. ಕುಂಬಳದಲ್ಲಿ ಗಂಡು ಹೂವೇ ಬೇರೆ, ಹೆಣ್ಣು ಹೂವೇ ಬೇರೆ. ನಡುವೆ ಓಡಾಡುವ ದುಂಬಿ ಜೇನು ಇಲ್ಲದಿದ್ದರೆ ಹೂವು ಉದುರಿ ಪೀಚು ಕಟ್ಟುವುದಿಲ್ಲ. 1991-92ರ ಸುಮಾರಿಗೆ ದಕ್ಷಿಣ ಭಾರತದಲ್ಲಿ ಥಾಯ್ ಸ್ಯಾಕ್‌ಬ್ರೂಡ್ ಎಂಬ ರೋಗ ಬಂದು ಪೆಟ್ಟಿಗೆಯ ತುಡುವೆ ಜೇನು ಬಹುಪಾಲು ಸತ್ತುಹೋಯಿತು. ಜೇನು ಸಾಕಿದವರು ಚೇತರಿಸಿಕೊಳ್ಳಲು ವರ್ಷಗಳೇ ಹಿಡಿದವು.

ಇನ್ನು ಪಕ್ಕದ ಚನ್ನಪಟ್ಟಣದ ಬಣ್ಣದ ಗೊಂಬೆಗಳ ಹೊಳಪಿಗೆ ಕಾರಣವಾದ ಅರಗು ಕೂಡ ಒಂದು ಸಣ್ಣ ಕೀಟ ಮರದ ಕೊಂಬೆಯ ಮೇಲೆ ಸುರಿಸಿದ ಅಂಟು. ಸಗಣಿಯನ್ನು ಉಂಡೆ ಮಾಡಿ ಮಣ್ಣಿಗೆ ಸೇರಿಸುವ ಹುಳು, ಒಣ ಕಡ್ಡಿ ತಿಂದು ಮಣ್ಣು ಮಾಡುವ ಗೆದ್ದಲು, ಇವರದೆಲ್ಲ ಬೇರೆ ಬೇರೆ ಕಸುಬು. ಗೆದ್ದಲು ಮನೆಯ ತೊಲೆ ತಿಂದರೆ ಬೈಯುತ್ತೇವೆ. ಮೊದಲ ಮಳೆಗೆ ಎದ್ದ ಈಸಲು ಹುಳವನ್ನು ಹುರಿದು ತಿಂದ ಹಿರಿಯರೂ ನಮ್ಮಲ್ಲೇ ಇದ್ದಾರೆ.

ಡ್ರಮ್ಮು ಹೊತ್ತವನ ಕೈಯಲ್ಲಿ

ಇಷ್ಟೆಲ್ಲ ಹೇಳಿದ ಮೇಲೆ ಮುಖ್ಯ ಮಾತಿಗೆ ಬರುತ್ತೇನೆ. ಇದು ಎಲ್ಲರಿಗೂ ಹಿತವಾಗಿ ಕೇಳದಿರಬಹುದು.

ಸ್ವಾತಂತ್ರ್ಯ ಬಂದ ಮೇಲೆ ಡಿ.ಡಿ.ಟಿ. ಬಂತು, ಗೆಮಾಕ್ಸಿನ್ ಪುಡಿ ಬಂತು. ಬೆಳೆ ಉಳಿಯಿತು, ಸೊಳ್ಳೆ ಸತ್ತಿತು, ಮಲೇರಿಯ ಇಳಿಯಿತು. ಆ ಉಪಕಾರವನ್ನು ಮರೆಯಬಾರದು. ಆದರೆ ವರ್ಷ ಕಳೆದಂತೆ ಅವುಗಳ ವಿಷ ಮಣ್ಣಿನಲ್ಲೂ ಹಾಲಿನಲ್ಲೂ ಉಳಿಯುವುದು ಗೊತ್ತಾಯಿತು. ಬೇಸಾಯಕ್ಕೆ ಡಿ.ಡಿ.ಟಿ. ಬಳಸುವುದನ್ನು 1989ರಲ್ಲಿ ನಿಲ್ಲಿಸಲಾಯಿತು, ಗೆಮಾಕ್ಸಿನ್ 1997ರಲ್ಲಿ ನಿಂತಿತು. ಕಾಸರಗೋಡು ಮತ್ತು ದಕ್ಷಿಣ ಕನ್ನಡದ ಗೇರು ತೋಟಗಳ ಜನ ಅನುಭವಿಸಿದ ಸಂಕಟದ ನಂತರ ಎಂಡೋಸಲ್ಫಾನನ್ನು 2011ರಲ್ಲಿ ಸುಪ್ರೀಂ ಕೋರ್ಟು ತಡೆಯಿತು. ಒಂದು ಕಾಲಕ್ಕೆ ಇವೆಲ್ಲ ಅಂಗಡಿಯಲ್ಲಿ ಧೈರ್ಯವಾಗಿ ಮಾರಿದ, ನಾವು ಧೈರ್ಯವಾಗಿ ಹೊಡೆದ ಔಷಧಿಗಳೇ.

ಬೇರೆ ಬೆಳೆಯವರಿಗೆ ಇದರ ನಷ್ಟ ನಿಧಾನವಾಗಿ ಗೊತ್ತಾಗುತ್ತದೆ. ಹುಳ ಸಾಕುವವನಿಗೆ ಒಂದೇ ರಾತ್ರಿಗೆ ಗೊತ್ತಾಗುತ್ತದೆ. ರೇಷ್ಮೆ ಹುಳುವೂ ಕೀಟವೇ ತಾನೆ? ಟೊಮೆಟೊ ಹುಳುವನ್ನು ಕೊಲ್ಲುವ ಔಷಧಿಗೆ "ಇದು ರೇಷ್ಮೆ ಹುಳು, ಇದನ್ನು ಬಿಡು" ಎಂಬ ವಿವೇಚನೆ ಇಲ್ಲ. ಪಕ್ಕದ ಹೊಲದಲ್ಲಿ ಹೊಡೆದ ಔಷಧಿಯ ಹನಿ ಗಾಳಿಯಲ್ಲಿ ತೇಲಿ ಬಂದು ಸೊಪ್ಪಿನ ಮೇಲೆ ಕೂತರೆ ಕಣ್ಣಿಗೆ ಕಾಣುವುದಿಲ್ಲ. ಬೆಳಿಗ್ಗೆ ಕೊಯ್ದು ತಂದು ಹಾಕಿದ ಸೊಪ್ಪು ತಿಂದ ಹುಳು ತಲೆ ಕೊಡವಿ, ಹಸಿರು ನೀರು ಕಕ್ಕಿ, ಮೈ ಕುಗ್ಗಿ ಸಾಯುತ್ತದೆ. ಇಪ್ಪತ್ತು ದಿನ ಸಾಕಿದ ಐವತ್ತು ಸಾವಿರ ಹುಳುವನ್ನು ಗುಂಡಿಗೆ ಹಾಕಿ ಮುಚ್ಚುವ ಮನೆಯವರ ಮುಖ ನೋಡಿದವರಿಗೆ ಹೆಚ್ಚು ಹೇಳಬೇಕಿಲ್ಲ. ಔಷಧಿ ಹೊಡೆದವನಿಗೆ ಕ್ಷಣವೂ ಕೆಟ್ಟ ಮನಸ್ಸು ಇರುವುದಿಲ್ಲ. ಅವನಿಗೆ ತನ್ನ ಟೊಮೆಟೊ ಉಳಿಯಬೇಕು. ಅವನೂ ನಮ್ಮ ಸಂಘದ ಸದಸ್ಯ, ಹುಳ ಕಳಕೊಂಡವನೂ ನಮ್ಮ ಸಂಘದ ಸದಸ್ಯ. ಆಮೇಲೆ ಬದುವಿನಲ್ಲಿ ಮಾತಿಗೆ ಮಾತು ಬೆಳೆದು ಮನಸ್ತಾಪ ಉಳಿಯುತ್ತದೆ.

ಮಳವಳ್ಳಿ ತಾಲ್ಲೂಕಿನಲ್ಲಿ ನಾಲೆ ನೀರಿನ ಗದ್ದೆಯೂ ಇದೆ, ಬೋರ್‌ವೆಲ್ ನಂಬಿದ ಕಡ್ಡಿ ತೋಟವೂ ಇದೆ, ಮಳೆ ನಂಬಿದ ಹೊಲವೂ ಇದೆ. ಎಲ್ಲ ಒಂದರ ಪಕ್ಕ ಒಂದು. ಜಮೀನು ತುಂಡಾದಷ್ಟೂ ಬದು ಹೆಚ್ಚು, ಬದು ಹೆಚ್ಚಿದಷ್ಟೂ ಈ ತೊಂದರೆ ಹೆಚ್ಚು.

ಸಂಘ ಮಾಡಬಹುದಾದ್ದು

ರೋಗದ ಮೊಟ್ಟೆಯಾಗಲಿ, ಊಜಿ ನೊಣವಾಗಲಿ, ಗಾಳಿಯಲ್ಲಿ ಬರುವ ಔಷಧಿಯಾಗಲಿ, ಮೂರೂ ಒಂದು ಮನೆಯ ಬಾಗಿಲು ಹಾಕಿಕೊಂಡರೆ ನಿಲ್ಲುವಂಥವಲ್ಲ. ಮೊದಲನೆಯದನ್ನು ಸರ್ಕಾರದ ಬಿತ್ತನೆ ಕೇಂದ್ರ ಮತ್ತು ಕಾಯಿದೆ ನಿಲ್ಲಿಸಿದವು. ಎರಡನೆಯದನ್ನು ಊರೆಲ್ಲ ಸೇರಿ ಪರದೆ ಕಟ್ಟಿ, ಕಣಜ ಬಿಟ್ಟು ತಗ್ಗಿಸಿದೆವು. ಮೂರನೆಯದಕ್ಕೆ ಕಾಯಿದೆ ಬಂದು ಕಾಯಲಾರದು. ಅದು ಬದುವಿನ ಮೇಲೆ ತೀರ್ಮಾನವಾಗಬೇಕಾದ ವಿಷಯ.

ಆದ್ದರಿಂದ ಈ ಬೆಳ್ಳಿ ಹಬ್ಬದ ವರ್ಷದ ಸಾಮಾನ್ಯ ಸಭೆಯಲ್ಲಿ ಕೆಲವು ವಿಷಯಗಳನ್ನು ಚರ್ಚೆಗೆ ತರಬೇಕೆಂದು ಆಡಳಿತ ಮಂಡಳಿಯವರಲ್ಲಿ ನನ್ನ ವಿನಂತಿ. ಒಂದು, ಔಷಧಿ ಹೊಡೆಯುವವರು ಹಿಂದಿನ ದಿನವೇ ಪಕ್ಕದ ಕಡ್ಡಿ ತೋಟದವರಿಗೆ ಒಂದು ಮಾತು ತಿಳಿಸುವುದು. ತಿಳಿದರೆ ಅವರು ಎರಡು ದಿನದ ಸೊಪ್ಪನ್ನು ಬೇರೆ ಕಡೆಯಿಂದ ಕೊಯ್ದುಕೊಳ್ಳುತ್ತಾರೆ. ಗಾಳಿ ಕಡ್ಡಿ ತೋಟದ ಕಡೆಗೆ ಬೀಸುವಾಗ ಹೊಡೆಯದಿರುವುದು. ಎರಡು, ಊರಿನಲ್ಲಿ ಹುಳ ಸಾಕುವವರು ಆದಷ್ಟು ಒಟ್ಟಿಗೆ ಚಾಕಿ ತಂದು, ಬೆಳೆ ಮುಗಿದ ಮೇಲೆ ಒಟ್ಟಿಗೆ ಹುಳದ ಮನೆ ತೊಳೆದು ಸುಣ್ಣ ಬ್ಲೀಚಿಂಗ್ ಪುಡಿ ಹಾಕುವುದು. ಮೂರು, ಸಂಘದ ಮಳಿಗೆಯಲ್ಲಿ ಔಷಧಿ ಕೊಡುವಾಗ ಯಾವ ಹುಳುವಿಗೆ, ಎಷ್ಟು, ಪಕ್ಕದಲ್ಲಿ ಕಡ್ಡಿ ಇದೆಯೆ, ಎಂದು ಕೇಳಿ ಕೊಡುವುದು. ಸಂಘ ತಾನೇ ಔಷಧಿ ಮಾರುವಾಗ ಈ ಪ್ರಶ್ನೆ ಕೇಳುವ ಹೊಣೆಯೂ ಸಂಘದ್ದೇ. ನಾಲ್ಕು, ಪರೋಪಜೀವಿ ಕಣಜ, ದುಂಬಿಗಳನ್ನು ರೇಷ್ಮೆ ಇಲಾಖೆಯಿಂದ ಮತ್ತು ಕೃಷಿ ಸಂಸ್ಥೆಗಳಿಂದ ಊರಿನ ಲೆಕ್ಕದಲ್ಲಿ ಒಟ್ಟಿಗೆ ತರಿಸುವುದು.

ಇವುಗಳಲ್ಲಿ ಯಾವುದಕ್ಕೂ ದೊಡ್ಡ ಬಂಡವಾಳ ಬೇಡ. ಮೊದಲನೆಯದಕ್ಕಂತೂ ಒಂದು ಮಾತಿನ ಖರ್ಚು ಅಷ್ಟೆ.

ನಮ್ಮ ಹೆಣ್ಣುಮಕ್ಕಳು ರಾತ್ರಿ ಎದ್ದು ಸೊಪ್ಪು ಹಾಕಿ ಉಳಿಸಿದ ಕಸುಬು ಇದು. ಮಕ್ಕಳು ಬೆಂಗಳೂರಿಗೆ ಹೋದರು, ಕೂಲಿ ಸಿಗುವುದಿಲ್ಲ, ಬೆಲೆಗೆ ಭರವಸೆಯಿಲ್ಲ ಎಂಬ ಮಾತುಗಳೆಲ್ಲ ನಿಜ. ಅವುಗಳ ಮೇಲೆ ನಮ್ಮ ನಮ್ಮೊಳಗಿನ ಅಜಾಗರೂಕತೆಯಿಂದಲೂ ಹುಳು ಸಾಯಬಾರದು. ಮುಂದಿನ ಇಪ್ಪತ್ತೈದು ವರ್ಷದ ನಂತರ ಸುವರ್ಣ ಮಹೋತ್ಸವದ ಸಂಚಿಕೆ ಬರೆಯುವವರಿಗೂ ಊರಿನಲ್ಲಿ ಹುಳ ಇರಲಿ, ಹುಳದ ಮನೆಯಲ್ಲಿ ಸೋನೆ ಮಳೆಯ ಸದ್ದು ಇರಲಿ ಎಂದು ಹಾರೈಸುತ್ತಾ, ಸಂಘದ ಸರ್ವ ಸದಸ್ಯರಿಗೂ ಬೆಳ್ಳಿ ಹಬ್ಬದ ಶುಭಾಶಯಗಳನ್ನು ಕೋರುತ್ತೇನೆ.